ಕೆಂಚಪ್ಪ ಕೂಗಿದ ತಿಂಗಳುಗಳು

ಒಂದು ಕಾಡಿನಲ್ಲಿ ಪ್ರಾಣಿಗಳು ತಿಂಗಳ ಲೆಕ್ಕಕ್ಕೆ ಚಂದ್ರನನ್ನು ನೋಡುತ್ತಿರಲಿಲ್ಲ, ಮರಿಗಳನ್ನು ನೋಡುತ್ತಿದ್ದವು. ಮೊದಲು ಮೊಲದ ತಿಂಗಳು, ಆಮೇಲೆ ಕಾಡುಕೋಳಿಯದು, ಆಮೇಲೆ ಜಿಂಕೆಯದು, ಕೊನೆಗೆ ನರಿಯದು. ಅಲ್ಲಿಗೆ ಒಂದು ವರ್ಷ ಮುಗಿದು ಮತ್ತೆ ಮೊಲದ ಸರದಿ. ಯಾರ ತಿಂಗಳು ನಡೆಯುತ್ತಿದೆಯೋ ಅವರನ್ನು ಯಾರೂ ಬೇಟೆಯಾಡುವಂತಿರಲಿಲ್ಲ. ಅವರ ಮರಿಗಳು ತಾಯಿಯ ಹಿಂದೆ ಓಡುವಷ್ಟಾದ ಮೇಲೆಯೇ ಆ ತಿಂಗಳು ಮುಗಿಯುತ್ತಿತ್ತು. ಹಾಗಾಗಿ ಒಂದು ತಿಂಗಳು ಉದ್ದ, ಇನ್ನೊಂದು ಗಿಡ್ಡ. ಚಿರತೆ ಕೂಡ ಈ ಕಟ್ಟಳೆಯನ್ನು ಮೀರುತ್ತಿರಲಿಲ್ಲ.

ತಿಂಗಳು ಬದಲಾಯಿತೆಂದು ಕೂಗಿ ಹೇಳುವ ಕೆಲಸ ಮಂಗಟ್ಟೆ ಹಕ್ಕಿಯದು. ಅವಳು ಮರದ ತುದಿಯಿಂದ ಕೂಗಿದರೆ ಎರಡು ಮಾತಿಲ್ಲ. ಆ ವರ್ಷ ಅವಳು ಮೊಟ್ಟೆಯಿಡಲು ಪೊಟರೆ ಸೇರಿದಳು. ಮಂಗಟ್ಟೆಗಳ ರೂಢಿಯೇ ಹಾಗೆ. ಒಳಗೆ ಕೂತು ಬಾಗಿಲಿಗೆ ಮಣ್ಣು ಮೆತ್ತಿಕೊಂಡರೆ ಮರಿಗಳು ಬಲಿಯುವವರೆಗೆ ಹೊರಗೆ ಬರುವುದಿಲ್ಲ. ಅವಳ ಗಂಡನಿಗೆ ಹಣ್ಣು ತಂದು ತುತ್ತು ಕೊಡುವುದರಲ್ಲೇ ಹೊತ್ತು ಹೋಗುತ್ತಿತ್ತು. ಇನ್ನು ಕೂಗುವವರು ಯಾರು? ಕೆಂಚಪ್ಪನೆಂಬ ನರಿ ಮುಂದೆ ಬಂದ. ತನ್ನ ದನಿ ಕಾಡಿನ ಮೂಲೆ ಮೂಲೆಗೂ ಕೇಳಿಸುತ್ತದೆ, ಬಂಡೆ ಹತ್ತಿ ತಾನೇ ಕೂಗುತ್ತೇನೆ ಎಂದು ಬಹಳ ವಿನಯದಿಂದ ಹೇಳಿದ. ಎಲ್ಲರೂ ಒಪ್ಪಿದರು.

ಕೆಂಚಪ್ಪ ತೀರಾ ಕೆಟ್ಟವನೇನಲ್ಲ, ಹೊಟ್ಟೆಬಾಕ ಅಷ್ಟೆ. ಆದರೆ ಬಂಡೆಯ ಕೆಳಗಿನ ಪೊದೆಯಲ್ಲಿ ಚುಕ್ಕವ್ವನೆಂಬ ಮೊಲದ ಮರಿಗಳು ಒಂದರ ಮೇಲೊಂದು ಮಲಗಿರುತ್ತಿದ್ದವು. ದಿನವೂ ಅವುಗಳನ್ನು ನೋಡಿ ನೋಡಿ ಅವನ ಬಾಯಲ್ಲಿ ನೀರೂರಿತು. ಒಂದು ಸಂಜೆ ತಡೆಯಲಾರದೆ ಬಂಡೆ ಹತ್ತಿದ. ಮೊಲದ ತಿಂಗಳು ಮುಗಿಯಿತು, ಕಾಡುಕೋಳಿಯ ತಿಂಗಳು ಬಂತು ಎಂದು ಕೂಗಿಯೇಬಿಟ್ಟ.

ಚುಕ್ಕವ್ವ ಓಡೋಡಿ ಬಂದಳು. "ಕೆಂಚಣ್ಣ, ನನ್ನ ಮರಿಗಳಿಗೆ ಇನ್ನೂ ನೆಟ್ಟಗೆ ನಿಲ್ಲುವುದಕ್ಕೂ ಬರುವುದಿಲ್ಲ" ಎಂದಳು.

"ಕೂಗಿದ್ದಾಯಿತಲ್ಲ ತಾಯಿ, ಇನ್ನು ನನ್ನ ಕೈಯಲ್ಲಿ ಏನಿದೆ?" ಎಂದ ಕೆಂಚಪ್ಪ. ಹಾಗೆ ಹೇಳುವಾಗಲೂ ಅವನ ಕಣ್ಣು ಪೊದೆಯ ಮೇಲೇ ಇತ್ತು. ಕತ್ತಲಾಗುವ ಮುಂಚೆ ಆ ಪೊದೆ ಬರಿದಾಯಿತು.

ಒಮ್ಮೆ ರುಚಿ ಹತ್ತಿದ ಮೇಲೆ ಕೇಳಬೇಕೇ? ಕಾಡುಕೋಳಿಯ ತಿಂಗಳೂ ಮೊಟಕಾಯಿತು, ಜಿಂಕೆಯದೂ ಮೊಟಕಾಯಿತು. ಕೆಂಚಪ್ಪ ಮೈ ತುಂಬಿಕೊಂಡ. ಆದರೆ ಒಂದು ಸಂಗತಿ ಅವನಿಗೆ ಹೊಳೆದಿರಲಿಲ್ಲ. ಕೂಗಿದ ಹಾಗೆಲ್ಲ ತಿಂಗಳು ಮುಂದೆ ಓಡುತ್ತದೆ, ಹೊಟ್ಟೆಯೊಳಗಿನ ಮರಿ ಓಡುವುದಿಲ್ಲ. ನರಿಯ ತಿಂಗಳು ಬಂದಾಗ ಅವನ ಹೆಂಡತಿ ದುಂಡಿಗೆ ಇನ್ನೂ ಹೆರಿಗೆಯಾಗಿರಲಿಲ್ಲ. ಏನೇನೋ ನೆಪ ಹೇಳಿ ಅವನು ದಿನ ತಳ್ಳಿದ. ಅಂತೂ ಮರಿಗಳು ಹುಟ್ಟಿದವು. ಆ ಹೊತ್ತಿಗೆ ಚಿರತೆ ಬಂದು ಗುಹೆಯ ಮುಂದೆ ಕೂತಿತು.

"ಕೆಂಚಪ್ಪ, ನಿನ್ನ ತಿಂಗಳು ಬಹಳ ಉದ್ದವಾಯಿತು."

"ಮರಿಗಳು ಇನ್ನೂ ಕಣ್ಣೇ ಬಿಟ್ಟಿಲ್ಲ, ಒಡೆಯ."

"ಮೊಲದ ಮರಿ ಓಡುತ್ತಿತ್ತೇ? ಜಿಂಕೆಯ ಮರಿ ಓಡುತ್ತಿತ್ತೇ? ಅವರಿಗೆ ಎಷ್ಟು ಕೊಟ್ಟೆಯೋ ನಿನಗೂ ಅಷ್ಟೇ. ಬಂಡೆ ಹತ್ತಿ ಕೂಗು."

ಕೆಂಚಪ್ಪ ಸುತ್ತ ನೋಡಿದ. ಜಿಂಕೆಗಳು ನಿಂತಿದ್ದವು, ಕೋಳಿಗಳು ನಿಂತಿದ್ದವು. ಯಾರೂ ಅವನ ಪರವಾಗಿ ಮುಂದೆ ಬರಲಿಲ್ಲ. ಗುಹೆಯೊಳಗೆ ದುಂಡಿ ಮರಿಗಳನ್ನು ನೆಕ್ಕುತ್ತ ಮಲಗಿದ್ದಳು. ಏನು ನಡೆಯುತ್ತಿದೆಯೆಂದು ಅವಳಿಗೆ ತಿಳಿಯದು. ಮಾಡಿದ್ದು ತಪ್ಪೇ ಸರಿ, ಆದರೂ ಆ ಗಳಿಗೆಯಲ್ಲಿ ಅವನನ್ನು ನೋಡಿದರೆ ಯಾರಿಗೂ ಪಾಪ ಅನ್ನಿಸಬೇಕು. ಕಾಲೆಳೆಯುತ್ತ ಬಂಡೆ ಹತ್ತಿದ. ನರಿಯ ತಿಂಗಳು ಮುಗಿಯಿತು, ಮೊಲದ ತಿಂಗಳು ಬಂತು ಎಂದ. ಮೂಲೆ ಮೂಲೆಗೂ ಕೇಳಿಸುತ್ತಿದ್ದ ಆ ದನಿ ಅಂದು ಪಕ್ಕದ ಮರಕ್ಕೂ ಮುಟ್ಟಲಿಲ್ಲ. ಹತ್ತಿರ ನಿಂತಿದ್ದವರಿಗೆ ಮಾತ್ರ ಕೇಳಿಸಿತು. ಚಿರತೆ ಎದ್ದು ಗುಹೆಯ ಕಡೆ ಹೆಜ್ಜೆ ಹಾಕಿತು.

ಆಗ ಚುಕ್ಕವ್ವ ಗುಂಪಿನಿಂದ ಬಂದು ಗುಹೆಯ ಬಾಯಿಗೆ ಅಡ್ಡ ನಿಂತಳು. ಅವಳ ಹಿಂದೆ ಉಳಿದ ಮೊಲಗಳೂ ಬಂದು ನಿಂತವು.

"ಈಗ ಬಂದದ್ದು ನಮ್ಮ ತಿಂಗಳು. ಈ ಸಲ ನಮ್ಮಲ್ಲಿ ಮರಿಗಳೇ ಇಲ್ಲ. ಇದನ್ನು ಈ ಗುಹೆಯ ಮರಿಗಳಿಗೆ ಕೊಟ್ಟಿದ್ದೇವೆ" ಎಂದಳು.

ಚಿರತೆ ತಬ್ಬಿಬ್ಬಾಯಿತು. "ನಿನ್ನ ಮರಿಗಳನ್ನು ತಿಂದವನಿಗೇ?" ಎಂದು ಕೇಳಿತು.

"ಅವನಿಗಲ್ಲ. ಮಕ್ಕಳನ್ನು ಕಳೆದುಕೊಂಡ ತಾಯಿ ಹೇಗೆ ಅಳುತ್ತಾಳೆಂದು ನನಗೆ ಗೊತ್ತು. ಅದನ್ನು ಇನ್ನೊಂದು ಸಲ ಕೇಳಲಾರೆ."

ಅವರ ತಿಂಗಳು, ಅವರು ಯಾರಿಗೆ ಕೊಟ್ಟರೂ ಚಿರತೆ ಬೇಡವೆನ್ನುವಂತಿರಲಿಲ್ಲ. ಅದು ಹಿಂತಿರುಗಿ ಹೋಯಿತು. ಕೆಂಚಪ್ಪ ಇಳಿದು ಬಂದು ಚುಕ್ಕವ್ವನ ಮುಂದೆ ತಲೆ ತಗ್ಗಿಸಿ ನಿಂತ. ಅವಳು ನಾಲ್ಕು ಬೈದಿದ್ದರೂ ತಡೆದುಕೊಳ್ಳುತ್ತಿದ್ದನೇನೋ. ಚುಕ್ಕವ್ವ ಅವನ ಮುಖವನ್ನೂ ನೋಡದೆ ತನ್ನ ಪೊದೆಗೆ ಹೋದಳು.

ಆ ತಿಂಗಳೆಲ್ಲ ಮೊಲಗಳು ಜೀವ ಕೈಯಲ್ಲಿ ಹಿಡಿದುಕೊಂಡು ಓಡಾಡಿದವು. ನರಿಮರಿಗಳು ಮಾತ್ರ ನೆಮ್ಮದಿಯಾಗಿ ಬೆಳೆದವು. ಅವು ಮೊದಲ ಸಲ ದುಂಡಿಯ ಹಿಂದೆ ಓಡಿದ ದಿನ ಕೆಂಚಪ್ಪ ನಗಲು ಹೋಗಿ ಅತ್ತುಬಿಟ್ಟ.

ನೀತಿ: ನಾವು ಬೇರೆಯವರಿಗೆ ಎಷ್ಟು ಅಳೆದು ಕೊಡುತ್ತೇವೆಯೋ ನಮಗೂ ಅಷ್ಟೇ ಸಲ್ಲುತ್ತದೆ. ಅದಕ್ಕಿಂತ ಹೆಚ್ಚು ಸಿಕ್ಕಿದರೆ ಅದು ನಮ್ಮ ಜಾಣತನವಲ್ಲ, ಇನ್ನೊಬ್ಬರ ದೊಡ್ಡ ಮನಸ್ಸು.