ಕುಂಟಿಯ ಹಗ್ಗದಳತೆಯ ಸೀತಾಳೆ

ಒಂದಾನೊಂದು ಕಾಲದಲ್ಲಿ, ನನ್ನ ಅಜ್ಜಿಯ ಅಜ್ಜಿಗೂ ಹಾಲುಹಲ್ಲು ಹುಟ್ಟದ ಕಾಲದಲ್ಲಿ, ಕಡಲ ನಡುವೆ ಒಂದು ಪುಟ್ಟ ದ್ವೀಪ ಇತ್ತಂತೆ. ಮರ ಅಂದ್ರೆ ನಾಲ್ಕೇ ನಾಲ್ಕು, ಉಳಿದದ್ದೆಲ್ಲ ಹುಲ್ಲು. ಮಳೆ ಬಂತು ಅಂದ್ರೆ ಆ ಹುಲ್ಲಿನ ಮಧ್ಯೆ ನಿನ್ನ ಕಿರುಬೆರಳಷ್ಟು ಎತ್ತರದ ಬಿಳಿ ಸೀತಾಳೆ ಹೂ ಏಳ್ತಿತ್ತಂತೆ. ಬೇರೆ ಸೀತಾಳೆಗಳು ಮರ ಹತ್ತಿ ಕೂತ್ರೆ, ಇದಕ್ಕೆ ನೆಲವೇ ಸಾಕು, ಪಾಪದ್ದು. ಮಳೆ ಹೋದ ಮೇಲೆ ಅದರ ಗೆಡ್ಡೆ ಮಣ್ಣೊಳಗೆ ಮಲಗಿಬಿಡೋದು, ನಿನ್ನ ಹಾಗೇ.

ಅಲ್ಲಿಯವರೆಲ್ಲ ಮೀನು ಹಿಡಿಯೋರು. ಮಳೆಗಾಲದಲ್ಲಿ ದೋಣಿ ದಡದ ಮೇಲೆ. ಶ್ರಾವಣದ ನೂಲಹುಣ್ಣಿಮೆ ದಿನ ಕಡಲಿಗೆ ತೆಂಗಿನಕಾಯಿ ಕೊಟ್ಟು, ದೋಣಿ ಮೂತಿಗೆ ಒಂದೊಂದು ಸೀತಾಳೆ ಸಿಕ್ಕಿಸಿದ ಮೇಲೇ ನೀರಿಗಿಳಿಸೋದು. ಹೂವಿಲ್ಲದ ದೋಣಿ ಇಳಿಯಕೂಡದು ಅಂತ ಕಟ್ಟಳೆಯಂತೆ.

ಅಲ್ಲಿ ದುಗ್ಗಿ ಅಂತ ಒಬ್ಬಳು ಇದ್ದಳು. ಅಪ್ಪ ಇಲ್ಲ, ಅಮ್ಮ ಇಲ್ಲ, ಆರು ಆಡುಗಳೇ ಅವಳ ಬಳಗ. ಬೇಸಿಗೆಯೆಲ್ಲ ಅವು ಗುಡ್ಡದ ಹುಲ್ಲು ಮೇಯೋದು, ಮಳೆ ಬಿದ್ದ ಕೂಡಲೇ ಕೊಟ್ಟಿಗೆ ಸೇರಿ ಸೊಪ್ಪು ತಿನ್ನೋದು. ಆಡಿಗೆ ಮಳೆ ಅಂದ್ರೆ ಆಗೋದಿಲ್ಲ ನೋಡು. ಆದ್ರೆ ಒಂದು ನೂಲಹುಣ್ಣಿಮೆಗೆ ಒಂದು ಆಡು ಹಗ್ಗ ಕಡಿದುಕೊಂಡು ಓಡಿ, ಊರಿನ ಹಿರಿಯ ಗುರಿಕಾರ ಕೊಗ್ಗಣ್ಣನ ದೋಣಿಯ ಹೂವನ್ನೇ ಗುಳುಂ ಮಾಡಿಬಿಟ್ಟಿತಂತೆ! ಗುರಿಕಾರನಿಗೆ ಎಲ್ಲಿಲ್ಲದ ಸಿಟ್ಟು. ಈ ಆಡುಗಳಿದ್ರೆ ಹೂವಿನ ಸಂತಾನವೇ ಉಳಿಯೋದಿಲ್ಲ, ಇನ್ನು ಇಲ್ಲಿ ಒಂದು ಆಡೂ ಇರಕೂಡದು, ಇಟ್ಟುಕೊಂಡೆಯೋ ನೀನೂ ಅದರ ಜೊತೆ ಊರು ಬಿಡು ಅಂದನಂತೆ. ದುಗ್ಗಿ ಕಾಲು ಹಿಡಿದ್ರೂ ಕೇಳಲಿಲ್ಲ. ಐದು ಆಡು ಆಚೆ ದಡದವರ ಪಾಲಾದವು. ಆರನೇದು ಕುಂಟುಮರಿ, ಹೆಸರೂ ಕುಂಟಿ. ಅದನ್ನು ಮಾತ್ರ ಕಳಿಸೋಕೆ ಅವಳಿಗೆ ಮನಸ್ಸೇ ಬರದೆ, ಮನೆ ಹಿಂದೆ ಗೂಟ ಹೊಡೆದು, ಗಿಡ್ಡ ಹಗ್ಗ ಕಟ್ಟಿ ಬಚ್ಚಿಟ್ಟಳಂತೆ.

ಆಮೇಲೆ ಗುರಿಕಾರನ ಮೂರು ಗಂಡುಮಕ್ಕಳು ಹೂ ಕಾಯೋಕೆ ನಿಂತರು. ಮೊದಲ ವರ್ಷ ಹಿರಿಯವನು ಗುಡ್ಡಕ್ಕೆ ಕಲ್ಲಿನ ಗೋಡೆ ಕಟ್ಟಿದ, ಹುಲ್ಲು ಮೊಣಕಾಲಿಗೆ ಬಂತು, ಹೂ ಅರ್ಧಕ್ಕಿಳೀತು. ಎರಡನೇ ವರ್ಷ ನಡುವಿನವನು ಬುಟ್ಟಿಗಟ್ಟಲೆ ಮೀನುಗೊಬ್ಬರ ಸುರಿದ, ಹುಲ್ಲು ಸೊಂಟಕ್ಕೆ ಬಂತು, ಹೂ ಮೂರೇ ಮೂರು, ಇಳಿದ ದೋಣಿಯೂ ಮೂರೇ. ಮೂರನೇ ವರ್ಷ ಕಿರಿಯವನು ಎಲೆಯ ಗೊರಬು ಹೊದ್ದು ಮಳೆಯಲ್ಲೇ ಕಾವಲು ಕೂತ. ಏನು ಕಾದನೋ ಏನೋ, ಹುಲ್ಲು ಎದೆಮಟ್ಟ ಬೆಳೆದು ಒಂದೇ ಒಂದು ಹೂ ಕಾಣಲಿಲ್ಲವಂತೆ. ನೂಲಹುಣ್ಣಿಮೆ ಬಂದ್ರೂ ದೋಣಿ ಇಳಿಯಲಿಲ್ಲ, ಮಕ್ಕಳಿಗೆ ಬರೀ ಗಂಜಿ, ಆಮೇಲೆ ಗಂಜಿಯೂ ತೆಳುವಾಯ್ತು.

ದುಗ್ಗಿ ಮನೆ ಹಿಂದೆ ಹೋಗಿ ನೋಡ್ತಾಳೆ, ಬೇಸಿಗೆಯಲ್ಲಿ ಕುಂಟಿ ಮೇಯ್ದ ಜಾಗದಲ್ಲೆಲ್ಲ ಸೀತಾಳೆ! ತೋರಿಸಿದ್ರೆ ಕುಂಟಿ ಹೋಗ್ತದೆ, ತಾನೂ ಹೋಗಬೇಕು. ತೋರಿಸದಿದ್ರೆ ಊರಿನ ಮಕ್ಕಳ ಹೊಟ್ಟೆ? ಕೊಟ್ಟಿಗೆಗೆ ಹೋಗಿ ಕುಂಟಿಯ ಕುತ್ತಿಗೆ ತಬ್ಬಿ ಚೆನ್ನಾಗಿ ಅತ್ತಳಂತೆ. ಆಮೇಲೆ ಮೂಗು ಒರೆಸಿಕೊಂಡು ಹೋಗಿ ಗುರಿಕಾರನನ್ನೇ ಕರೆತಂದಳು.

ಗುರಿಕಾರ್ರೇ, ಹೂ ಕೊಯ್ಕೊಳ್ಳಿ, ನಾನು ಊರು ಬಿಡ್ತೇನೆ. ಆದ್ರೆ ಈ ಹೂವಿನ ಹಾಸು ಯಾಕೆ ಇಷ್ಟು ದುಂಡಗಿದೆ ಅಂತ ಒಂದ್ಸಲ ನೋಡಿ ಅಂದಳಂತೆ.

ಕೊಗ್ಗಣ್ಣ ಗೂಟದ ಹಗ್ಗ ಹಿಡಿದು ಒಂದು ಸುತ್ತು ಬಂದ. ಹಗ್ಗ ಮುಟ್ಟಿದಲ್ಲೆಲ್ಲ ಹೂ, ಅದರಾಚೆ ಒಂದು ಗೇಣು ದಾಟಿದ್ರೆ ಬರೀ ಹುಲ್ಲು. ಅಷ್ಟು ದೊಡ್ಡ ಮನುಷ್ಯ ಒದ್ದೆ ನೆಲದ ಮೇಲೇ ಕುಕ್ಕರಿಸಿದನಂತೆ. ಅಯ್ಯೋ ತಾಯೀ, ಕಾಯ್ತೇನೆ ಅಂತ ಹೋಗಿ ಹೂವನ್ನೇ ಹುಲ್ಲಲ್ಲಿ ಉಸಿರುಗಟ್ಟಿಸಿದ್ನಲ್ಲಾ ಅಂದನಂತೆ. ಅವನು ಅಳ್ತಿದ್ರೆ ಕುಂಟಿ ಕೊಟ್ಟಿಗೆಯಿಂದ ಬಂದು ಅವನ ಹೆಗಲ ಬೈರಾಸಿನ ತುದಿ ಜಗೀತಾ ನಿಂತಿತ್ತು, ಅವನು ಬಿಡಿಸಿಕೊಳ್ಳಲಿಲ್ಲ.

ಅವತ್ತೇ ಎಲ್ಲ ದೋಣಿಗೂ ಹೂ ಸಿಕ್ಕಿತು. ಗುರಿಕಾರನ ದೋಣಿ ಮೊದಲು ಹೋದದ್ದು ಮಾತ್ರ ಮೀನಿಗಲ್ಲ, ದುಗ್ಗಿಯ ಐದು ಆಡು ತರೋಕೆ. ಬರುವಾಗ ಮರಿ ಸೇರಿ ಹನ್ನೊಂದಾಗಿದ್ದವಂತೆ! ಮೂರೂ ಮಕ್ಕಳು ತಾವೇ ಗೋಡೆ ಕೆಡವಿದರು. ಮುಂದಿನ ಮಳೆಗೆ ಮಣ್ಣೊಳಗೆ ಮಲಗಿದ್ದ ಗೆಡ್ಡೆಗಳೆಲ್ಲ ಎದ್ದು ಗುಡ್ಡವೇ ಬೆಳ್ಳಗಾಯ್ತಂತೆ.

ಅಲ್ಲಿ ದುಗ್ಗಿ ಆಡಿನ ಮಧ್ಯೆ ಬೆಚ್ಚಗಿದ್ದಾಳೆ, ಇಲ್ಲಿ ನೀನು ಕಂಬಳಿಯೊಳಗೆ. ಕತೆಯೂ ಕುಂಟಿಯ ಹಗ್ಗದಷ್ಟೇ ಉದ್ದ, ಇಲ್ಲಿಗೆ ಮುಗೀತು ಮಗಾ.