ಬಾಣಂತಿ ಕಟ್ಟೆ

ಮಸರಿಹಾಳದಿಂದ ಎರೆಕೊಪ್ಪಕ್ಕೆ ಹೋಗುವ ಹಳೆಯ ಕಾಲುದಾರಿ ಗುಡ್ಡದ ನೆತ್ತಿ ಮುಟ್ಟುವಲ್ಲಿ ಒಂದು ಬೇವಿನ ಮರ, ಅದರ ಬುಡಕ್ಕೊಂದು ಕಲ್ಲುಕಟ್ಟೆ, ಕಟ್ಟೆಯ ಮೇಲೆ ಕುತ್ತಿಗೆಮಟ್ಟ ಮರಳಿನಲ್ಲಿ ಹೂತ ಎರಡು ದೊಡ್ಡ ನೀರಿನ ಹರವಿಗಳಿವೆ. ಕೆಳಗೆ ಬಸ್ಸಿನ ರಸ್ತೆಯಾದ ಮೇಲೂ ಕುರಿ ಕಾಯುವವರು, ಸೌದೆಯವರು, ಸಂತೆಗೆ ಅಡ್ಡದಾರಿ ಹಿಡಿದವರು ಇಲ್ಲೇ ಹತ್ತಿ ಇಳಿಯುತ್ತಾರೆ. ಇದಕ್ಕೆ ಬಾಣಂತಿ ಕಟ್ಟೆ ಎಂದು ಹೆಸರು. ಹೊಸಬರು ಬಾಣಂತಿಯ ಕಲ್ಲು ಎಲ್ಲಿ, ಮೂರ್ತಿ ಎಲ್ಲಿ ಎಂದು ಮರದ ಸುತ್ತ ಹುಡುಕುತ್ತಾರೆ. ಅಂಥದ್ದೇನೂ ಇಲ್ಲ. ಇಲ್ಲಿ ಯಾವ ಹೆಣ್ಣೂ ಹೆತ್ತಿಲ್ಲ, ಸತ್ತಿಲ್ಲ, ದೇವರಾಗಿಲ್ಲ. ಹೆಣ್ಣಿನ ಹೆಸರಿಟ್ಟ ಜಾಗವೆಂದರೆ ಅಲ್ಲಿ ಒಬ್ಬಳನ್ನು ಬಲಿ ಕೊಟ್ಟಿರಲೇಬೇಕು ಎಂದು ನಂಬಿದವರಿಗೆ ಈ ಕಥೆ ಸಪ್ಪೆ ಎನಿಸಿದರೆ ಮಾಡುವುದೇನು!

ಹಿಂದೆ ಒಮ್ಮೆ, ಮಸರಿಹಾಳದ ಕಂಬಳಿ ನೇಯುವ ದ್ಯಾಮಪ್ಪ ಎರೆಕೊಪ್ಪದ ಸಂತೆ ಮುಗಿಸಿ ಸುಡುಬಿಸಿಲಲ್ಲಿ ಗುಡ್ಡ ಹತ್ತಿದನಂತೆ. ಊರವರ ಅರವಟಿಗೆ ಆಗಲೂ ಇಲ್ಲೇ ಇತ್ತು. ಆದರೆ ಅಂದು ನೀರು ಹಾಕುವವನು ನೆಂಟರ ಮದುವೆಗೆ ಹೋಗಿದ್ದ, ಹರವಿ ಒಣಗಿತ್ತು. ದ್ಯಾಮಪ್ಪ ಹರವಿಯೊಳಗೆ ಕೈ ಇಳಿಬಿಟ್ಟು ಹಾಗೇ ಪ್ರಾಣ ಬಿಟ್ಟಿದ್ದ. ಊರು ನಡುಗಿಹೋಯಿತು. ಗೌಡರಾದ ಚನ್ನವೀರಗೌಡರು ಎಲ್ಲರನ್ನೂ ಸೇರಿಸಿದರು. ಊರೇನು ಸಿರಿವಂತರದ್ದಲ್ಲ, ಒಂದು ಹೊತ್ತು ಉಂಡರೆ ಇನ್ನೊಂದು ಹೊತ್ತಿನ ಯೋಚನೆ ಮಾಡುವವರೇ ಹೆಚ್ಚು. ಆದರೂ ಕುಂಬಾರರು ಹರವಿ ಕೊಟ್ಟರು, ಮನೆಗೊಬ್ಬ ಹೆಂಗಸು ಪಾಳಿಯಂತೆ ಬಾವಿಯಿಂದ ಕೊಡ ಹೊತ್ತು ತರಲು ಒಪ್ಪಿದಳು, ಒಬ್ಬರು ಬೆಲ್ಲ, ಒಬ್ಬರು ಉಪ್ಪು, ಬಡಗಿ ಒಂದು ಉದ್ದ ಹಿಡಿಯ ಸೌಟು. ಕೊನೆಗೆ ಉಳಿದವಳು ದ್ಯಾಮಪ್ಪನ ಹೆಂಡತಿ ಕಲ್ಲವ್ವ. ಆಕೆಯ ಬಳಿ ಕೊಡಲು ಏನೂ ಇರಲಿಲ್ಲ. ತನ್ನ ಎರಡು ಕೈಗಳಿವೆ, ಅವನ್ನು ತಗೊಳ್ಳಿರಿ ಎಂದಳು. ದೇವರ ಅರಿಶಿನದ ಭಂಡಾರ ಮುಟ್ಟಿ ಆಣೆ ಮಾಡಿ ಸೌಟು ಹಿಡಿದಳು.

ಆಣೆ ಗಟ್ಟಿಯಾದದ್ದು. ಸೌಟು ಹಿಡಿದವರು ಕಟ್ಟೆಯ ಆಚೀಚೆ ನೆಟ್ಟ ಗಡಿಕಲ್ಲು ದಾಟಬಾರದು. ಬೇರೆಯವರು ತಾವಾಗಿಯೇ ಬಾಯಿಬಿಟ್ಟು ಕೇಳಿದರೆ ಮಾತ್ರ ಸೌಟು ಕೊಡಬೇಕು. ಕೇಳಿದವರಿಗೆ ಇಲ್ಲ ಎನ್ನಬಾರದು, ಕೇಳದವರಿಗೆ ಹಿಡಿ ಎನ್ನಬಾರದು. ಸೇವೆ ಒತ್ತಾಯದ್ದಾಗಬಾರದಲ್ಲ ಎಂದು ಗೌಡರು ಬಹಳ ಯೋಚಿಸಿಯೇ ಈ ಮಾತು ಸೇರಿಸಿದ್ದರು. ಮಳೆ ಬೀಳುವ ಹೊತ್ತಿಗೆ ಯಾರಾದರೂ ಕೇಳಿಯಾರು ಎಂದುಕೊಂಡಿದ್ದಳು ಕಲ್ಲವ್ವ. ಮಳೆ ಬಂತು, ಹೋಯಿತು. ಯಾರೂ ಕೇಳಲಿಲ್ಲ. ಆಕೆಯ ಕೈಯ ನೀರಿನ ರುಚಿಯೇ ಬೇರೆ ಎಂದರು, ಸತ್ತ ಗಂಡನಿಗೆ ಎಂಥ ಪುಣ್ಯ ಎಂದರು. ಹೀಗೆ ವರ್ಷಗಳು ಉರುಳಿದವು. ಒಬ್ಬಳೇ ಮಗಳು ಫಕೀರವ್ವನ ಮದುವೆಯೂ ಇದೇ ಕಟ್ಟೆಯ ಮುಂದೆ ಆಗಿ, ಅವಳು ಎರೆಕೊಪ್ಪಕ್ಕೆ ನಡೆದಳು. ಕಟ್ಟೆಯ ಮೇಲೆ ನಿಂತರೆ ಕೆಳಗೆ ಅವಳ ಗಂಡನ ಮನೆಯ ಮಾಳಿಗೆ ಕಾಣುತ್ತಿತ್ತು. ಅಷ್ಟು ಹತ್ತಿರ.

ಫಕೀರವ್ವ ಬಸುರಿಯಾದ ಸುದ್ದಿ ಬಂದಾಗ ಕಲ್ಲವ್ವನ ಒದ್ದಾಟ ಶುರುವಾಯಿತು. ಚೊಚ್ಚಲ ಹೆರಿಗೆ ತವರಿನದು; ತಾಯಿ ಹೋಗಿ ಕರೆದು ತರಬೇಕು. ಸೌಟು ಹಿಡಿ ಎನ್ನುವಂತಿಲ್ಲ, ಆದ್ದರಿಂದ ಕೊಡ ಹೊತ್ತು ಬಂದ ಹೆಂಗಸರ ಮುಂದೆಲ್ಲ ಮಗಳಿಗೆ ದಿನ ತುಂಬುತ್ತಿದೆ ಎಂದು ಹೇಳಿಕೊಂಡಳು. ಅವರ ಕರುಳು ಚುರುಕ್ಕೆನ್ನದೇ ಇರಲಿಲ್ಲ. ಒಬ್ಬಳು ಮರುದಿನ ಗಿಣ್ಣಲು ಬಟ್ಟಲಲ್ಲಿ ತುಪ್ಪ ತಂದಳು, ಇನ್ನೊಬ್ಬಳು ಕೂಸಿಗೆಂದು ಹಳೆಯ ಸೀರೆಯ ಮೆತ್ತನೆ ತುಂಡು, ಮತ್ತೊಬ್ಬಳು ಬಾಣಂತಿಯ ಅಂಟಿನುಂಡಿಗೆ ಕೊಬ್ಬರಿ. ತಮ್ಮ ಮನೆಯಲ್ಲಿ ಇಲ್ಲದ್ದನ್ನೂ ಕಡ ತಂದು ಕೊಟ್ಟರು ಪಾಪ. ಕಟ್ಟೆಯ ಪಕ್ಕದಲ್ಲಿ ಆಕೆ ಮಲಗುತ್ತಿದ್ದ ಗುಡಿಸಲು ತುಂಬಿತು. ಕೊಡ ಇಳಿಸಿ, ಸೌಟಿನ ಕಡೆ ಮಾತ್ರ ನೋಡದೆ, ಎಲ್ಲರೂ ಗುಡ್ಡ ಇಳಿದುಹೋದರು. ಅವರಿಗೂ ಮನೆಯಿತ್ತು, ಮಕ್ಕಳಿದ್ದವು. ಒಮ್ಮೆ ಹಿಡಿದರೆ ಬಿಡಿಸುವವರಿಲ್ಲ ಎಂಬುದು ಅವರಿಗೂ ಗೊತ್ತಿತ್ತು. ಕಲ್ಲವ್ವ ಅವರನ್ನು ಬೈಯಲೂ ಆಗದೆ, ಆ ತುಪ್ಪ ಕೊಬ್ಬರಿಯ ನಡುವೆ ಕುಳಿತು ಅತ್ತಳು.

ಒಂದು ಮಧ್ಯಾಹ್ನ ಎರೆಕೊಪ್ಪದ ಕಡೆಯಿಂದ ಬಂದ ಬಳೆಗಾರ ಬೊಗಸೆಯೊಡ್ಡಿ ನೀರು ಕುಡಿಯುತ್ತ, ಆ ಊರಲ್ಲಿ ಒಂದು ಹುಡುಗಿ ನಿನ್ನೆಯಿಂದ ಹೆರಿಗೆಯ ಬ್ಯಾನಿ ತಿನ್ನುತ್ತಿದ್ದಾಳೆ, ತವರಿನವರು ಯಾರೂ ಬಂದಿಲ್ಲವಂತೆ, ಅವ್ವಾ ಅವ್ವಾ ಎಂದು ಕೂಗುವುದು ಬೀದಿಗೆಲ್ಲ ಕೇಳುತ್ತದೆ ಎಂದ. ಆಕೆ ಯಾರೆಂದು ಅವನಿಗೆ ಗೊತ್ತಿರಲಿಲ್ಲ. ಕಲ್ಲವ್ವನ ಸೌಟಿನ ನೀರು ಬೊಗಸೆ ತಪ್ಪಿ ಅವನ ಎದೆಯ ಮೇಲೆ ಚೆಲ್ಲಿತು. ಅವನು ಹೋದ ಮೇಲೆ ಗಡಿಕಲ್ಲಿನವರೆಗೆ ಓಡಿದಳು. ಕಾಲೆತ್ತಿದಳು. ಹಿಂದೆ ತಿರುಗಿ ಹರವಿ ನೋಡಿದರೆ, ಅದರೊಳಗೆ ಕೈ ಇಳಿಬಿಟ್ಟ ಗಂಡನೇ ಕಣ್ಣಿಗೆ ಕಟ್ಟಿದ. ಎತ್ತಿದ ಕಾಲನ್ನು ಅಲ್ಲೇ ಊರಿದಳು. ಸಂಜೆಯತನಕ ಕಲ್ಲು ಹಿಡಿದು ಕೆಳಗಿನ ಮಾಳಿಗೆ ನೋಡುತ್ತ ನಿಂತಳು ಎನ್ನುತ್ತಾರೆ.

ಹಸಿ ಬಾಣಂತಿತನ ಮುಗಿಯುವ ಮೊದಲೇ, ತಲೆಗೆ ಕಿವಿಗೆ ಬಟ್ಟೆ ಸುತ್ತಿಕೊಂಡು, ಕೂಸನ್ನು ಎದೆಗವಚಿಕೊಂಡು ಫಕೀರವ್ವ ಗುಡ್ಡ ಹತ್ತಿ ಬಂದಳು. ಅಲ್ಲಲ್ಲಿ ಕೂತು ಎದ್ದು ಬಂದಿದ್ದಳು. ಮುಖದಲ್ಲಿ ರಕ್ತವೇ ಇರಲಿಲ್ಲ. ತಾಯಿಯ ಮೇಲೆ ಅವಳಿಗೆ ಸಿಟ್ಟೂ ಇತ್ತು. ಅಳಲಿಲ್ಲ, ಕೂಸನ್ನು ತೋರಿಸಲೂ ಇಲ್ಲ. ಕೈ ಚಾಚಿದಳು.

“ಸೌಟು ಕೊಡಬೇ.”

ಕಲ್ಲವ್ವ ಸೌಟನ್ನು ಬೆನ್ನ ಹಿಂದೆ ಒಯ್ದಳು. “ನಿನಗ ಕೊಡಂಗಿಲ್ಲ. ನನ್ನ ಜನುಮ ಇಲ್ಲೇ ಕೊಳೀತು, ನಿಂದೂ ಕೊಳೀಬೇಕೇನು?”

“ಕೇಳಿದವರಿಗೆ ಕೊಡತೀನಿ ಅಂತ ಆಣಿ ಮಾಡಿಯಲ್ಲ. ನಾ ಕೇಳಾಕತ್ತೀನಿ.”

ಆಣೆ ಮುರಿಯಲಾರದವಳು ಆಣೆಗೇ ಸಿಕ್ಕಿಬಿದ್ದಳು. ಸೌಟು ಮಗಳ ಕೈ ಸೇರಿತು.

ಆಗಲೇ ಚನ್ನವೀರಗೌಡರು ಕುದುರೆ ಹಿಡಿದುಕೊಂಡು, ಬಾಯಾರಿ, ಒಬ್ಬರೇ ದಾರಿ ಹತ್ತಿ ಬಂದರು. ಫಕೀರವ್ವ ಸೌಟು ತುಂಬಿಸಿ ನಿಂತಳು, ಬಗ್ಗಿಸಲಿಲ್ಲ. ಕುಡಿಯುವವರು ಮೊದಲು ಸೌಟು ಕೇಳಬೇಕು ಎಂದಳು. ಗೌಡರು ಕೆಂಡವಾದರು. ಬಾಯಾರಿದವನಿಗೆ ನೀರು ತಡೆಯುವುದು ಎಂಥ ಪಾಪ ಎಂದು ಗೊತ್ತೇ ಎಂದು ಗದರಿದರು.

“ನಾ ಇಲ್ಲ ಅಂದಿಲ್ಲರಿ ಗೌಡ್ರ. ನೀವು ಕುಡೀರಿ. ನಿಮ್ಮ ಹಿಂದ ಬರೋರಿಗೆ ನೀವು ಹಾಕ್ರಿ. ಊರ ಪುಣ್ಯ ಒಬ್ಬಾಕಿ ಎಷ್ಟಂತ ಹೊರಬೇಕರಿ?”

ಗಂಟಲು ಒಣಗಿತ್ತು, ಗೌಡರು ಸೌಟು ಕೇಳಿದರು. ಅವಳು ಹೊಟ್ಟೆತುಂಬ ಕುಡಿಸಿ ಸೌಟನ್ನು ಅವರ ಕೈಗಿಟ್ಟಳು. ಹಿಂದೆ ಬರುವವರು ಯಾರೂ ಇರಲಿಲ್ಲ. ತಾವೇ ಮಾಡಿದ ಕಟ್ಟಳೆ. ಗೌಡರು ಸೌಟು ಹಿಡಿದು ಕಟ್ಟೆಯ ಮೇಲೆ ಕುಳಿತರು. ಸಾಯಂಕಾಲ ಒಬ್ಬ ಕುರುಬ ಬಂದು ಸೌಟು ಕೇಳುವವರೆಗೂ ಕುಳಿತೇ ಇದ್ದರು. ಅಷ್ಟು ಹೊತ್ತೂ ಕೆಳಗಿನ ಎರೆಕೊಪ್ಪದ ಮಾಳಿಗೆಗಳು ಅವರ ಕಣ್ಣೆದುರೇ ಇದ್ದವು. ಮರುದಿನ ಊರು ಸೇರಿಸಿ, ಇನ್ನು ಮುಂದೆ ಕುಡಿದವರು ಮುಂದಿನವರಿಗೆ ಹಾಕಿ ಹೋಗಬೇಕು, ಒಬ್ಬರ ಕೈಯಲ್ಲೇ ಸೌಟು ಉಳಿಯಬಾರದು ಎಂದು ಸಾರಿದರು.

ಕಲ್ಲವ್ವ ಬಿಡುಗಡೆಯಾದಳು. ಆದರೆ ಗಡಿಕಲ್ಲಿನ ಹತ್ತಿರ ಹೋಗಿ ನಿಂತುಬಿಟ್ಟಳು, ಕಾಲು ಏಳಲೊಲ್ಲದು. ಸೌಟು ಹೋದರೂ ಬಲಗೈ ಅದನ್ನು ಹಿಡಿದಂತೆಯೇ ಮುಷ್ಟಿಗಟ್ಟಿತ್ತು. ಫಕೀರವ್ವ ಆ ಬೆರಳುಗಳನ್ನು ಒಂದೊಂದಾಗಿ ಬಿಡಿಸಿ, ಕೂಸನ್ನು ಆ ಕೈಗಳಲ್ಲಿಟ್ಟು, ತಾನು ಕಲ್ಲು ದಾಟಿ ಹೊರಟಳು. ಕೂಸು ಅತ್ತಿತು. ಅದರ ತಾಯಿ ಮುಂದೆ ಹೋಗುತ್ತಿದ್ದಳು. ಕಲ್ಲವ್ವ ಹಿಂದೆ ನಡೆದಳು.

ಇಂದಿಗೂ ಇಲ್ಲಿ ಯಾರೂ ತಾವೇ ನೀರು ತೆಗೆದುಕೊಳ್ಳುವುದಿಲ್ಲ. ಹೊತ್ತಿರುವಾಗ ಹೋದರೆ ಯಾರೋ ಒಬ್ಬರು ಸೌಟು ಹಿಡಿದು, ಬರುವವರಿಗಾಗಿ ದಾರಿ ನೋಡುತ್ತ ಕುಳಿತಿರುತ್ತಾರೆ. ಕುಡಿದ ಮೇಲೆ ಆ ಸರದಿ ನಿಮ್ಮದು. ಎಷ್ಟೇ ಅವಸರವಿರಲಿ, ಸಾಹುಕಾರರಿರಲಿ, ಮುಂದಿನವರು ಬರುವ ತನಕ ಕೂರಬೇಕು. ಆದರೆ ಕೂಸನ್ನೆತ್ತಿಕೊಂಡ ಹೆಣ್ಣುಮಗಳು ಬಂದರೆ ಮಾತ್ರ, ಕುಳಿತವರು ಎದ್ದು ನಿಂತು ನೀರು ಹಾಕುತ್ತಾರೆ. ಆಕೆ ಕೇಳಿದರೂ ಸೌಟು ಕೊಡುವುದಿಲ್ಲ. ಹೋಗವ್ವ, ನಿಮ್ಮವ್ವ ದಾರಿ ಕಾಯುತ್ತಿರುತ್ತಾಳೆ ಎನ್ನುತ್ತಾರೆ.