ಇಂದು ಗುಡಿ ಮುಚ್ಚಿದೆ

ಘಟ್ಟದ ಅಂಚಿನ ಆ ಪೇಟೆಯಲ್ಲಿ ನಮ್ಮ ಮನೆತನ ನಾಲ್ಕು ತಲೆಮಾರಿನಿಂದ ಗೌರವವಾಗಿ ಬಾಳಿ ಬಂದದ್ದು. ಮುತ್ತಜ್ಜ ಊರಿನ ಮೊದಲ ಹೆಣ್ಣುಮಕ್ಕಳ ಶಾಲೆಗೆ ಜಾಗ ಕೊಟ್ಟವರು. ಅಜ್ಜ ಎರಡು ಬಾರಿ ಪುರಸಭೆಯ ಅಧ್ಯಕ್ಷರಾಗಿದ್ದರು. ಕಾಡಿನ ಬೌದ್ಧ ವಿಹಾರದ ಭಿಕ್ಷುಗಳು ಪೇಟೆಗೆ ಇಳಿದ ದಿನ ಅವರ ಊಟ ನಮ್ಮ ಪಡಸಾಲೆಯಲ್ಲಿ. ಬುದ್ಧನ ಮುಂದಿನ ದೀಪಕ್ಕೆ ಎಣ್ಣೆ ಹೋಗುತ್ತಿದ್ದುದೂ ನಮ್ಮ ಮನೆಯಿಂದಲೇ.

ಇದನ್ನು ಜಂಬಕ್ಕಾಗಿ ಹೇಳುತ್ತಿಲ್ಲ. ಈ ಕಥೆ ನಮ್ಮ ಮನೆಗೆ ಬಂದದ್ದು ಅಂದು ಅಲ್ಲಿದ್ದವರ ಬಾಯಿಂದಲೇ ಎಂದು ತಿಳಿಸುವುದಕ್ಕೆ ಹೇಳಿದೆ. ಈಗ ಜನ ಇದಕ್ಕೆ ರೆಕ್ಕೆ ಪುಕ್ಕ ಸೇರಿಸಿ ಹೇಳುತ್ತಾರೆ. ನಾನು ಸೇರಿಸುವುದಿಲ್ಲ.

ವಿಹಾರವೂ ಅದರ ಬುದ್ಧನ ಗುಡಿಯೂ ಬೆಟ್ಟದ ಮೇಲಿದ್ದವು. ಅದರ ಕೆಳಗೆ, ಕಾಡಿನ ನಡುವೆ, ಜಲಪಾತ.

ಭಾನುವಾರ ಬಯಲು ಸೀಮೆಯ ಊರುಗಳಿಂದ ಜನ ವ್ಯಾನು ಮಾಡಿಕೊಂಡು ಬರುತ್ತಿದ್ದರು. ಮೊದಲು ಜಲಪಾತ, ಆಮೇಲೆ ಬುದ್ಧನ ಗುಡಿ, ಸಂಜೆಯೊಳಗೆ ವಾಪಸು. ಕಾಡಿನಲ್ಲಿ ದಾರಿ ತೋರಿಸಲು ವಿಹಾರದಿಂದ ಒಬ್ಬ ಭಿಕ್ಷು ರಸ್ತೆಯವರೆಗೆ ಇಳಿದು ಬರುತ್ತಿದ್ದ.

ಒಂದು ಭಾನುವಾರ ಗುರು ಸುಮನ ಭಂತೇ ತಮ್ಮ ಶಿಷ್ಯ ರೇವತನನ್ನು ಕರೆದರು.

"ಇವತ್ತು ನೀನು ಹೋಗು."

"ಒಬ್ಬನೇ, ಭಂತೇ?"

"ಒಬ್ಬನೇ. ಸಂಜೆ ಆನೆಗಳು ದಾರಿಗೆ ಇಳಿಯುತ್ತವೆ. ಅಷ್ಟರೊಳಗೆ ಎಲ್ಲರೂ ರಸ್ತೆ ಸೇರಿರಬೇಕು."

"ಸೇರಿಸುತ್ತೇನೆ."

ಅವನು ಬಹಳ ದಿನದಿಂದ ಕಾಯುತ್ತಿದ್ದ ಕೆಲಸ ಅದು. ಕೋಲು ತೆಗೆದುಕೊಂಡು ಓಡುತ್ತಲೇ ಇಳಿದ.

ಆ ದಿನ ಬಂದವರಲ್ಲಿ ಹೊನ್ನಪ್ಪ ಎಂಬ ಕಂಟ್ರಾಕ್ಟರ್ ಇದ್ದ. ಅವನ ಹೆಂಡತಿ ಇಂದ್ರವ್ವ ಇದ್ದಳು. ಅಕ್ಕಪಕ್ಕದ ಮನೆಯವರು ಇದ್ದರು. ಎಲ್ಲರಿಗಿಂತ ಹಿಂದೆ, ಸೆರಗಿನಲ್ಲಿ ಏನನ್ನೋ ಕಟ್ಟಿಕೊಂಡು, ತಿಪ್ಪವ್ವ ಎಂಬ ಮುದುಕಿ ಬರುತ್ತಿದ್ದಳು.

ರೇವತ ಚೆನ್ನಾಗಿ ದಾರಿ ತೋರಿಸಿದ. ಮರಗಳ ಹೆಸರು ಹೇಳಿದ. ಜಿಗಣೆ ಹತ್ತಿದರೆ ಕೀಳಬಾರದು, ಉಪ್ಪು ಸವರಬೇಕು ಎಂದ. ಜನ ತಲೆದೂಗಿದರು.

"ಸಣ್ಣ ಭಂತೇಗೆ ಎಲ್ಲಾ ಗೊತ್ತೈತಿ ನೋಡು" ಎಂದ ಹೊನ್ನಪ್ಪ. "ನಮ್ಮ ಮಗ ಕಾಲೇಜಿಗೆ ಹೋಗತಾನ. ಬೇವಿನ ಗಿಡ ತೋರಿಸಿದ್ರ ಹುಣಸಿ ಅಂತಾನ."

ರೇವತನ ಹೆಜ್ಜೆ ಇನ್ನಷ್ಟು ಚುರುಕಾಯಿತು.

ಹಿಂದಿನಿಂದ ತಿಪ್ಪವ್ವ ಕೂಗಿದಳು. "ಸಣ್ಣ ಸ್ವಾಮೇರ, ಒಂದು ಮಾತು ಕೇಳಲೇನ್ರಿ?"

ಅವನು ನಿಂತ.

"ನಿಮ್ಮ ಬುದ್ಧ ನಗತಾನೋ ಇಲ್ಲೋ?"

"ಯಾಕೆ ಅಜ್ಜಿ?"

"ಮನ್ಯಾಗ ಅದ ಜಗಳ ನಡದೈತ್ರಿ. ನಮ್ಮ ಯಜಮಾನ್ರು ಹಾಸಿಗಿ ಹಿಡದಾರ. ಇಲ್ಲಿಗೆ ಬಂದು ಹೋದವರನ್ನೆಲ್ಲ ಕರದು ಕೇಳತಾರ. ಒಬ್ಬ ನಗತಾನ ಅಂದ. ಇನ್ನೊಬ್ಬ, ಏ, ಕಣ್ಣು ಮುಚ್ಚಿ ಸುಮ್ಮನ ಕುಂತಾನ ಅಂದ. ಇವರು ನಗತಾನ ಅಂತ ಹಟ ಹಿಡದಾರ. ನಾ ಇಲ್ಲ ಅಂತೀನಿ. ಮಂದಿ ಕಷ್ಟ ಹೇಳಿಕೊಳ್ಳಾಕ ಹೋದ್ರ ಯಾರರ ನಗತಾರೇನ್ರಿ?"

ರೇವತ ನಕ್ಕ. "ನೀವೇ ನೋಡಿ ಹೇಳಿ."

"ಅದಕ್ಕ ಬಂದೀನ್ರಿ. 'ನೀ ನೋಡಿ ಬಾ, ನೀ ಹೇಳಿದ್ರ ಒಪ್ಪತೀನಿ' ಅಂದಾರ. ಲಗ್ನ ಆದಾಗಿಂದ ನನ್ನ ಮಾತು ಒಪ್ಪತೀನಿ ಅಂದದ್ದು ಇದ ಮೊದಲು." ಅವಳು ಉಸಿರು ತೆಗೆದುಕೊಂಡಳು. "ಡಾಕ್ಟರು ಭಾಳ ದಿನ ಇಲ್ಲ ಅಂದಾರ್ರಿ. ಮುಂದಿನ ವಾರ ಅಂದ್ರ ಯಾರಿಗೆ ಬಂದು ಹೇಳಲಿ? ಅದಕ್ಕ ಇವತ್ತ ಹೊಂಟು ಬಂದೆ."

ಜಲಪಾತದ ಬಳಿ ಎಲ್ಲರೂ ನೀರಿಗಿಳಿದರು. ಹೊನ್ನಪ್ಪ ಧಾರೆಯ ಕೆಳಗೆ ತಲೆಯೊಡ್ಡಿ ದೊಡ್ಡ ದನಿಯಲ್ಲಿ ಹಾಡಿದ. ಇಂದ್ರವ್ವ, "ನೀರಿನ ಸಪ್ಪಳದಾಗ ನಿಮ್ಮ ದನಿ ಕೇಳೂದಿಲ್ಲ, ಅದೊಂದು ಪುಣ್ಯ" ಎಂದಳು.

ತಿಪ್ಪವ್ವ ನೀರಿಗೆ ಇಳಿಯಲಿಲ್ಲ. ಬಂಡೆಯ ಮೇಲೆ ಕೂತು ಮೊಣಕಾಲು ತಿಕ್ಕಿಕೊಳ್ಳುತ್ತಿದ್ದಳು. ಕಾಲು ಊದಿಕೊಂಡಿತ್ತು.

ರೇವತ ಆ ಕಾಲನ್ನು ನೋಡಿದ. ಗುಡಿಗೆ ಹತ್ತುವ ಕಡಿದಾದ ದಾರಿಯನ್ನು ನೋಡಿದ. ಸೂರ್ಯನನ್ನು ನೋಡಿದ.

ಈಕೆ ಜೊತೆಗೆ ಬಂದರೆ ತಡವಾಗುತ್ತದೆ. ಬರಬೇಡಿ ಎಂದರೆ ಕೇಳುವವಳಲ್ಲ.

ಅವನು ಹತ್ತಿರ ಹೋಗಿ ಹೇಳಿದ. "ಅಜ್ಜಿ, ಇವತ್ತು ಗುಡಿ ಮುಚ್ಚಿದೆ."

ಅವಳು ತಿಕ್ಕುವುದನ್ನು ನಿಲ್ಲಿಸಿದಳು. "ಮುಚ್ಚೇತೇನ್ರಿ? ಮತ್ತ ಇವರೆಲ್ಲ ಎಲ್ಲಿ ಹೊಂಟಾರ?"

"ಮೇಲೆ ಕಾಡು ನೋಡುವುದಕ್ಕೆ."

"ಇಲ್ಲಿ ಇರೂದು ಕಾಡಲ್ಲೇನ್ರಿ?"

ರೇವತ ಕೋಲಿನಿಂದ ನೆಲ ಕೆದಕಿದ.

"ಇರಲಿ ಬಿಡ್ರಿ. ನನ್ನ ನಸೀಬ." ಅವಳು ಸೆರಗಿನ ಗಂಟು ಬಿಚ್ಚಿದಳು. ಒದ್ದೆ ಬಟ್ಟೆಯಲ್ಲಿ ಸುತ್ತಿದ ಒಂದು ಚೆಂಡು ಹೂವಿತ್ತು. "ನಮ್ಮ ಹಿತ್ತಲದ್ದು. ಅವರ ಕೈಲೆ ಮುಟ್ಟಿಸಿಕೊಂಡು ತಂದೀನಿ. ಬಾಗಲದ ಹೊರಗರ ಇಟ್ಟು ಬರ್ರಿ."

ರೇವತ ಹೂವು ತೆಗೆದುಕೊಂಡ.

ಅಲ್ಲಿ ಅರಣ್ಯ ಕಾವಲುಗಾರನ ಚಪ್ಪರವಿತ್ತು. ಕಾವಲುಗಾರನ ಹೆಂಡತಿಯ ಬಳಿ ಮುದುಕಿಯನ್ನು ಕೂರಿಸಿ, ಉಳಿದವರನ್ನು ಕರೆದುಕೊಂಡು ಅವನು ಬೆಟ್ಟ ಹತ್ತಿದ. ಊಟದ ಹೊತ್ತಿಗೆ ಇನ್ನೂ ಸಮಯವಿರುವಾಗಲೇ ಮೇಲೆ ಮುಟ್ಟಿದ. ಯಾವ ಭಿಕ್ಷುವೂ ಜನರನ್ನು ಅಷ್ಟು ಬೇಗ ತಂದಿರಲಿಲ್ಲ.

ಗುರು ಗುಡಿಯ ಬಾಗಿಲಲ್ಲಿ ನಿಂತಿದ್ದರು.

"ಎಲ್ಲರೂ ಬಂದರೇ?"

"ಒಬ್ಬ ಅಜ್ಜಿ ಕೆಳಗೆ ಉಳಿದರು, ಭಂತೇ. ಮೊಣಕಾಲು ನೋವು."

"ತಾವಾಗಿಯೇ ಉಳಿದರೇ?"

"ಹೌದು."

"ಈ ಹೂವು?"

"ಅವರದೇ. ಬಾಗಿಲ ಹೊರಗೆ ಇಡಲು ಹೇಳಿದರು."

"ಬಾಗಿಲು ತೆರೆದಿದೆ. ಹೊರಗೆ ಯಾಕೆ?"

ರೇವತ ಬಾಯಿ ತೆರೆಯುವ ಮೊದಲೇ ಹೊನ್ನಪ್ಪ ನಕ್ಕುಬಿಟ್ಟ. "ಅದನ್ನ ನನ್ನ ಕೇಳ್ರಿ ಭಂತೇ. ಗುಡಿ ಮುಚ್ಚೇತಿ ಅಂತ ಮುದುಕಿಗೆ ಹೇಳಿ ಕುಂಡ್ರಿಸಿ ಬಂದಾರ. ನಿಮ್ಮ ಶಿಷ್ಯ ಭಾಳ ಶಾಣ್ಯಾ. ಇಲ್ಲದಿದ್ರ ನಾವು ಇನ್ನೂ ಅಲ್ಲೇ ಇರತಿದ್ದಿವಿ."

ಗುರು ಒಳಗೆ ಹೋದರು. ದೀಪಕ್ಕೆ ಎಣ್ಣೆ ಹಾಕಿದರು. ಹೊರಗೆ ಬಂದು ಬಾಗಿಲ ಎರಡೂ ಕದ ಎಳೆದು, ಬೀಗ ಹಾಕಿ, ಮೆಟ್ಟಿಲ ಮೇಲೆ ಕೂತರು.

ಜನ ಮುಖ ಮುಖ ನೋಡಿಕೊಂಡರು.

"ಭಂತೇ, ನಾವು ಇನ್ನೂ ಒಳಗ ಹೋಗಿಲ್ಲರೀ" ಎಂದ ಹೊನ್ನಪ್ಪ.

"ಗುಡಿ ಮುಚ್ಚಿದೆ."

"ಈಗ ತೆರದಿತ್ತಲ್ಲರೀ!"

"ನನ್ನ ಶಿಷ್ಯ ಮುಚ್ಚಿದೆ ಎಂದಿದ್ದಾನೆ."

"ಅದು ಸುಮ್ಮನ ಹೇಳಿದ್ದು!"

"ಸುಮ್ಮನೆ ಮಾತಾಡಬಾರದು ಎಂದು ಅವನಿಗೆ ಕಲಿಸಿದ್ದೇನೆ."

ಹೊನ್ನಪ್ಪನ ನಗು ಹೋಯಿತು. "ನೋಡ್ರಿ, ಬೆಳಕು ಹರಿಯೂದರಾಗ ಎದ್ದು ಬಂದೀವಿ. ಒಬ್ಬ ಮುದುಕಿ ಸಲುವಾಗಿ ಇಷ್ಟು ಮಂದೀನ ಹೊರಗ ನಿಲ್ಲಸತೀರೇನು?"

ಇಂದ್ರವ್ವ ಗಂಡನ ಕಡೆ ತಿರುಗಿದಳು. "ಆಕಿ ಹೂವು ಬಿಚ್ಚಿ ಕೊಡೂಮುಂದ ನೀವು ಅಲ್ಲೇ ಇದ್ರಿ. ಆಗ ಒಂದು ಮಾತು ಆಡಲಿಲ್ಲ. ಈಗ್ಯಾಕ ಇಷ್ಟು ಬಾಯಿ?"

ಹೊನ್ನಪ್ಪ ಒಂದು ಮರ ಹುಡುಕಿಕೊಂಡು ಅದರ ಕೆಳಗೆ ಕೂತ.

ರೇವತ ಗುರುವಿನ ಮುಂದೆ ಮಂಡಿಯೂರಿದ.

"ಭಂತೇ, ಅವರ ಕಾಲು ಊದಿತ್ತು. ಅವರ ಒಳ್ಳೆಯದಕ್ಕೇ ಹೇಳಿದೆ."

"ಸರಿ."

"ತಡವಾದರೆ ಆನೆಗಳು ಇಳಿಯುತ್ತವೆ. ನೀವೇ ಎಚ್ಚರ ಹೇಳಿದ್ದಿರಿ."

"ಅದೂ ಸರಿ."

"ಹಾಗಾದರೆ ಬಾಗಿಲು ತೆರೆಯಿರಿ."

"ಮುಚ್ಚಿದವನು ನಾನಲ್ಲ."

ರೇವತ ಬೀಗವನ್ನು ನೋಡಿದ. ಕೈಯಲ್ಲಿದ್ದ ಹೂವನ್ನು ನೋಡಿದ. ಆಮೇಲೆ ಎದ್ದು, ಬಂದ ದಾರಿಯಲ್ಲೇ ಕೆಳಗೆ ಓಡಿದ.

ಚಪ್ಪರದಲ್ಲಿ ತಿಪ್ಪವ್ವ ಕಾವಲುಗಾರನ ಹೆಂಡತಿಗೆ ಹೇಳುತ್ತಿದ್ದಳು. "ಮುಚ್ಚಿತ್ತು ಅಂದ್ರ ಅವರು ನಂಬೂದಿಲ್ಲ. ಸೋಲತೀನಿ ಅಂತ ಹೆದರಿ ನೋಡದ ಬಂದಿ ಅಂತಾರ."

"ಅಜ್ಜಿ" ಎಂದ ರೇವತ. ಏದುಸಿರು ಬರುತ್ತಿತ್ತು. "ಬನ್ನಿ. ಬಾಗಿಲು ತೆರೆಯುತ್ತಾರೆ."

ಅವಳ ಮುಖ ಅರಳಿತು. "ಖರೇನ? ಯಾರು ತೆಗಸಿದ್ರು?"

ಅವನು ತಲೆ ತಗ್ಗಿಸಿದ.

"ನೀವ ತೆಗಸಿದ್ರೇನು? ನನ್ನ ಸಲುವಾಗಿ ಹೋಗಿ ದೊಡ್ಡ ಸ್ವಾಮೇರಿಗೆ ಹೇಳಿದ್ರೇನು? ಅಯ್ಯ ನನ್ನಪ್ಪಾ, ಮೈಯೆಲ್ಲ ಬೆವತೈತಿ! ನಿಮ್ಮನ್ನ ಹಡದಾಕಿ ಹೊಟ್ಟಿ ತಣ್ಣಗಿರಲಿ."

ರೇವತ ಹಣೆಯ ಬೆವರು ಒರೆಸಿಕೊಂಡ.

ಅವನು ಅವಳನ್ನು ಬೆನ್ನ ಮೇಲೆ ಹೊತ್ತು ತಂದ ಎಂದು ಕೆಲವರು ಹೇಳುತ್ತಾರೆ. ಅದು ತಪ್ಪು. ಭಿಕ್ಷು ಹೆಂಗಸನ್ನು ಮುಟ್ಟುವಂತಿಲ್ಲ, ಅವಳು ಅಜ್ಜಿಯಾದರೂ. ಅವನು ತನ್ನ ಕೋಲಿನ ಒಂದು ತುದಿಯನ್ನು ಅವಳಿಗೆ ಕೊಟ್ಟ. ಇನ್ನೊಂದು ತುದಿ ಹಿಡಿದು ಮುಂದೆ ನಡೆದ.

ಅವಳು ನಿಂತಾಗ ನಿಂತ. ಅವಳು ಕೂತಾಗ ಕಾದ. ಅವಳು ಕೂತಾಗಲೆಲ್ಲ ಅವನನ್ನು ಹೊಗಳಿದಳು.

"ಮನಿಗೆ ಹೋಗಿ ಮೊದಲು ನಿಮ್ಮ ಸುದ್ದಿ ಹೇಳತೀನಿ. ಆಮ್ಯಾಲ ಬುದ್ಧಂದು. ಮುಚ್ಚಿದ ಬಾಗಲಾ ತೆಗಸಿದ ಹುಡುಗ ಅಂತ."

"ಅಜ್ಜಿ, ಅದು..."

"ಏನ್ರಿ?"

"ಏನಿಲ್ಲ. ಅಲ್ಲಿ ಬೇರು ಇದೆ, ನೋಡಿ ಹೆಜ್ಜೆ ಇಡಿ."

ಅರ್ಧ ದಾರಿಯಲ್ಲಿ ಇಂದ್ರವ್ವ ಎದುರಾದಳು. ಅವಳು ಮುದುಕಿಯ ಸೊಂಟಕ್ಕೆ ಕೈ ಕೊಟ್ಟಳು. ಮೂವರೂ ಮೇಲೆ ಬಂದರು.

ಅಷ್ಟರಲ್ಲಿ ಮಧ್ಯಾಹ್ನ ಕಳೆದಿತ್ತು. ಮಧ್ಯಾಹ್ನ ಕಳೆದ ಮೇಲೆ ಭಿಕ್ಷುಗಳು ಉಣ್ಣುವುದಿಲ್ಲ. ಗುರುವಿನ ಬುತ್ತಿ ಮುಚ್ಚಿದಂತೆಯೇ ಪಕ್ಕದಲ್ಲಿತ್ತು.

ಅವರು ಎದ್ದು ಬೀಗ ತೆಗೆದರು.

"ಮೊದಲು ನೀವು, ತಾಯಿ."

ರೇವತ ಹೂವನ್ನು ಅವಳಿಗೆ ಹಿಂದಿರುಗಿಸಿದ. ತಿಪ್ಪವ್ವ ಒಳಗೆ ಹೋದಳು. ಹೂವಿಟ್ಟಳು. ದೀಪದ ಬೆಳಕಿನಲ್ಲಿ ಕತ್ತೆತ್ತಿ ಆ ಮುಖವನ್ನು ನೋಡಿದಳು. ಬಲಗಡೆ ಸರಿದು ನೋಡಿದಳು. ಎಡಗಡೆ ಸರಿದು ನೋಡಿದಳು. ಯಾರೂ ಅವಸರ ಮಾಡಲಿಲ್ಲ.

ಹೊರಗೆ ಬಂದಾಗ ಹೊನ್ನಪ್ಪ ತಡೆಯಲಾರದೆ ಕೇಳಿದ. "ಏನಬೇ ಯಮ್ಮಾ, ನಗತಾನೋ ಇಲ್ಲೋ?"

"ನಿನಗ್ಯಾಕ ಹೇಳಲಿ? ಕೇಳಿದವರು ಮನ್ಯಾಗ ಕಾಯಾಕತ್ತಾರ."

ಎಲ್ಲರೂ ನಕ್ಕರು. ಹೊನ್ನಪ್ಪನೂ ನಕ್ಕ. ಆಮೇಲೆ ಒಬ್ಬೊಬ್ಬರಾಗಿ ಒಳಗೆ ಹೋದರು.

ತಿಪ್ಪವ್ವ ಗುರುವಿಗೆ ಕೈ ಮುಗಿದಳು. "ನಿಮ್ಮ ಶಿಷ್ಯ ಬಂಗಾರದಂಥ ಹುಡುಗ ಸ್ವಾಮೇರ. ಮುಚ್ಚಿದ ಗುಡಿ ನನ್ನ ಸಲುವಾಗಿ ತೆಗಸಿದ."

ಗುರು ರೇವತನ ಕಡೆ ನೋಡಿದರು.

ಅವಳು ಚಪ್ಪಲಿ ಮೆಟ್ಟಲು ಮರದ ಕಡೆಗೆ ಕುಂಟುತ್ತ ಹೋದಳು.

ರೇವತ ಗುರುವಿನ ಪಕ್ಕದಲ್ಲಿ ನಿಂತಿದ್ದ.

"ಅವರಿಗೆ ಹೇಳಿದೆಯಾ?"

"ಇಲ್ಲ, ಭಂತೇ."

"ಜಲಪಾತದಿಂದ ಇಲ್ಲಿಗೆ ದಾರಿ ಉದ್ದವಿದೆ."

"ಹೇಳಲು ಹೊರಟೆ. ಅವರು ಹರಸುತ್ತಲೇ ಇದ್ದರು."

ಗುರು ಕಾದರು.

"ಭಂತೇ, ಅವರು ನೋಡಲು ಬಂದರು, ನೋಡಿದರು. ಹೊತ್ತು ಮುಳುಗುವುದರೊಳಗೆ ಅವರನ್ನು ನಾನೇ ರಸ್ತೆಗೆ ಮುಟ್ಟಿಸುತ್ತೇನೆ. ಗಂಡನಿಗೆ ಹೇಳಲು ಒಂದು ಒಳ್ಳೆಯ ಸುದ್ದಿ ಹೊತ್ತುಕೊಂಡು ಹೋಗುತ್ತಿದ್ದಾರೆ. ಅದರಲ್ಲಿ ನಾನೂ ಇದ್ದೇನೆ. ಈಗ ನಿಜ ಹೇಳಿದರೆ ಆ ಸಂತೋಷ ಕೆಡುತ್ತದೆ. ಸುಮ್ಮನಿರುವುದೇ ಕರುಣೆಯಲ್ಲವೇ?"

"ಯಾರ ಮೇಲೆ?"

ರೇವತನ ಮುಖ ಕೆಂಪಾಯಿತು.

ಮರದ ಕೆಳಗಿಂದ ತಿಪ್ಪವ್ವ ಕೂಗಿದಳು. "ಸಣ್ಣ ಸ್ವಾಮೇರ, ಬರ್ರಿ, ಹೋಗೂಣು. ಮನ್ಯಾಗ ಕಾಯತಿರತಾರ."

ರೇವತ ಕದಲಲಿಲ್ಲ.

"ಹೋಗು" ಎಂದರು ಗುರು. "ಅವರ ಕ್ಷಮೆ ಕೇಳು."